ಎಣ್ಣೆ ಮಿಲ್ಲಿನ ಡಬಲ್ ಆಲ್ಬಂ

ಚಳ್ಳಕೆರೆಯಲ್ಲಿ ರಾಕ್ ಬ್ಯಾಂಡ್ ಕಟ್ಟಿದರೆ ದಿನಕ್ಕೊಂದು ತಮಾಷೆ ತಪ್ಪಿದ್ದಲ್ಲ. ನಾವು ನಾಲ್ವರು, ನಾನು ಡ್ರಮ್ಮು. ಹೊರಟಿದ್ದು ಎರಡು ಭಾಗದ ಭಾರೀ ಆಲ್ಬಮ್ಮಿಗೆ. ಜಾಗ, ಗಿಟಾರಿನವನ ಅಪ್ಪನ ಶೇಂಗಾ ಎಣ್ಣೆ ಮಿಲ್ಲಿನ ಗೋಡೌನು. ಯಜಮಾನರು ಖಡಾಖಂಡಿತವಾಗಿ ಹೇಳಿದ್ದರು: "ನಿಮ್ಮ ಗದ್ದಲಾನ ನಿಮ್ಮನ್ನ ಬಿಟ್ಟು ಒಬ್ರಾದ್ರೂ ಕೊನೇತಂಕ ಕೇಳಿದ್ರೆ ಗೋಡೌನು ನಿಮ್ದು. ಇಲ್ಲಾಂದ್ರೆ ಹೊಸ ಶೇಂಗಾ ಬರೋದ್ರಾಗೆ ಖಾಲಿ ಮಾಡ್ರಿ." ನಮಗೆ ಬೇರೆ ಜಾಗ ಯಾರು ಕೊಡ್ತಾರೆ?

೧. ಗೋಡೆಗೆ ಕಂಬಳಿ

ಗೋಡೌನಿನಲ್ಲಿ ಕೆಮ್ಮಿದರೂ ಮಾರ್ದನಿ. ಅದನ್ನು ತಡೆಯೋಕೆ ನಮ್ಮೂರಲ್ಲಿ ಕಂಬಳಿಗೇನು ಬರ? ಸಂತೆಗೆ ಹೋಗಿ ಆಟೋ ತುಂಬ ಆರಿಸಿದೆವು. "ಇಷ್ಟೊಂದು ಯಾರಿಗೆ ಹೊದಿಸ್ತೀರ್ರಿ?" ಎಂದ ಮಾರುವ ಅಜ್ಜ.

"ಗೋಡೆಗೆ."

ಅಜ್ಜ ನನ್ನನ್ನು ಮೇಲಿಂದ ಕೆಳಗೆ ನೋಡಿದ. "ಪಾಪ, ಯಾವಾಗಿಂದ ಚಳಿಜ್ವರ ಅದಕ್ಕೆ?"

೨. ಮೊಳಕಾಲ್ಮೂರಿನ ಕೇಳುಗ

ಆಲ್ಬಂ ಮುಗಿಯಿತು. ಲಾಸ್‌ಲೆಸ್‌ನಲ್ಲೇ ಕೇಳಿಸಬೇಕೆಂದು ಗಿಟಾರಿನವನ ಹಟ. ಆ ಫೈಲಿನಲ್ಲಿ ರೆಕಾರ್ಡಾದ ಸದ್ದು ಒಂದು ಹನಿಯೂ ಸೋರಿರೋದಿಲ್ಲವಂತೆ. "ಫೋನಾಗೆ ಜನ ಕೇಳೋದೆಲ್ಲ ಹಿಂಡಿ ಕಣಲೇ, ಇದು ಎಣ್ಣೆ!"

ದೊಡ್ಡ ಹೆಡ್‌ಫೋನು ಹಿಡಿದು ಮೊಳಕಾಲ್ಮೂರಿನ ನನ್ನ ಬಾಮೈದನ ಹತ್ತಿರ ಹೋದೆ. ರೇಷ್ಮೆ ಸೀರೆ ನೇಯಿಸ್ತಾನೆ, ಮನೆ ತುಂಬ ಮಗ್ಗ. ಹೆಡ್‌ಫೋನು ಹಾಕಿದ್ದೇ ಕಣ್ಣು ಮುಚ್ಚಿದ. ಆಹಾ, ರಸಿಕ ಅಂದುಕೊಂಡೆ. ನಾಲ್ಕನೇ ಹಾಡಿಗೆ ಗೊರಕೆ! ಕಿತ್ತುಕೊಂಡರೆ ನನ್ನ ಮೇಲೇ ಸಿಡುಕಿದ: "ಯಾಕ್ ತೆಗೆದ್ರಿ ಬಾವ? ಮಗ್ಗದ ಸದ್ದಿಲ್ದೆ ಮಲಗಿ ಎಷ್ಟು ವರ್ಷ ಆಗಿತ್ತು! ಚಾಲಾ ಬಾಗುಂದಿ!" ಬಹಳ ಚೆನ್ನಾಗಿದೆ ಅಂತ ತೆಲುಗಲ್ಲೇ ಹೊಗಳಿದ.

೩. ಯಜಮಾನರು

ಹೊಸ ಶೇಂಗಾ ಬರುವ ಹೊತ್ತಾಯಿತು. ಕೈಮುಗಿದು ಯಜಮಾನರನ್ನೇ ಕೂರಿಸಿದೆವು. ಮುಖ ಹುಳ್ಳಗೆ ಮಾಡಿಕೊಂಡೇ ಕೇಳಿದರು, ಏಳಲಿಲ್ಲ.

ಕೊನೇ ಹಾಡನ್ನು ಮಾತ್ರ ಪಕ್ಕದಲ್ಲಿ ಮಿಲ್ಲು ಓಡುವಾಗಲೇ ಭಂಡಧೈರ್ಯದ ಮೇಲೆ ರೆಕಾರ್ಡ್ ಮಾಡಿದ್ದೆವು. ಅದು ಶುರುವಾಗಿದ್ದೇ ಯಜಮಾನರು ನೆಟ್ಟಗೆ ಕೂತರು. ಹೆಡ್‌ಫೋನನ್ನು ಕಿವಿಗೆ ಒತ್ತಿ ಹಿಡಿದರು. "ಇನ್ನೊಂದ್ಸಲ ಹಾಕು," ಅಂದರು! ಮಗನ ಕಣ್ಣಲ್ಲಿ ನೀರು.

ಪೂರ್ತಿ ಕೇಳಿ, ದಡಕ್ಕನೆ ಎದ್ದು ಕೂಗಿದರು: "ಲೇ, ಮಿಲ್ ನಿಲ್ಸ್ರೋ! ಬೇರಿಂಗು ಕಿರುಚ್ತಾ ಐತೆ!"

ಬಿಚ್ಚಿ ನೋಡಿದರೆ ಬೇರಿಂಗು ನುಚ್ಚಾಗುವ ಹಾಗಿತ್ತು. ಮಿಲ್ಲೊಳಗಿನ ಗಲಾಟೆಯಲ್ಲಿ ಅದು ಯಾರ ಕಿವಿಗೂ ಬಿದ್ದಿರಲಿಲ್ಲ. "ಸೀಸನ್ನಾಗೆ ಮುರಿದಿದ್ರೆ ಮಿಷನ್ನೇ ಹೋಗ್ತಿತ್ತು ಯಜಮಾನ್ರೇ," ಅಂದ ಮೆಕಾನಿಕ್.

ಗೋಡೌನಿನ ಬೀಗದಕೈ ನಮ್ಮ ಕೈಗೆ ಬಂತು. ಗೆದ್ದೆವು! ಅಲ್ಲೇ ಕುಣಿದಾಡಿಬಿಟ್ಟೆವು.

"ಅಪ್ಪಾಜಿ, ಹಾಡು ಹೆಂಗಿದ್ವು?" ಮಗ ಆಸೆಯಿಂದ ಕೇಳಿದ.

"ಅಡ್ಡ ಬರ್ತಿದ್ವು. ಬರೋ ವರ್ಷ ಮೈಕು ಒಂಚೂರು ಮಿಷನ್ ಕಡೆ ತಿರುಗಿಸಿ ಇಡ್ರಪ್ಪ."