ರಾಣಿ ಸಾಯುವುದಿಲ್ಲ

ತೊಂದರೆಯೆಲ್ಲ ಶುರುವಾದದ್ದು ಒಂದು ಹಾಳೆಯಿಂದ. ಮೇಳದ ಮೊದಲ ಶನಿವಾರ ಬೆಳಗ್ಗೆ ನೌಕರರ ಗೇಟಿನಲ್ಲಿ ಎಲ್ಲರಿಗೂ ಹಂಚುವ ಕಾರ್ಯಕ್ರಮದ ಹಾಳೆ ಅದು. 'ಮಧ್ಯಾಹ್ನ ಹನ್ನೆರಡು: ರಾಜ-ರಾಣಿಯರ ಮೆರವಣಿಗೆ' ಎಂದು ಹೋದ ವರ್ಷದಂತೆಯೇ, ಅದರ ಹಿಂದಿನ ವರ್ಷದಂತೆಯೇ, ಒಂದಕ್ಷರವೂ ಬದಲಾಗದೆ ಅಚ್ಚಾಗಿತ್ತು. ಆರಿನ್ ಟೆಶ್ ಅದನ್ನು ಮೂರು ಸಲ ಓದಿದ. ರಾಣಿ ಏಪ್ರಿಲ್ ತಿಂಗಳಲ್ಲೇ ಸತ್ತುಹೋಗಿದ್ದಳು.

ವಿಸ್ಕಾನ್ಸಿನ್ನಿನ ಜೋಳದ ಹೊಲಗಳ ನಡುವೆ ಮೂವತ್ತನಾಲ್ಕು ವರ್ಷದಿಂದ ನಡೆದುಬಂದಿರುವ, ಹಳೇ ಕಾಲದ ಅರಮನೆ-ಸಂತೆಯ ವೇಷ ತೊಟ್ಟು ಜನರನ್ನು ರಂಜಿಸುವ ನಮ್ಮ ರೆನೈಸಾನ್ಸ್ ಮೇಳಕ್ಕೆ ಆರಿನ್ ರಾಜ. ವಾರದ ದಿನಗಳಲ್ಲಿ ಅವನು ಡ್ರೈವಿಂಗ್ ಲೈಸೆನ್ಸ್ ಕಚೇರಿಯಲ್ಲಿ ಕೂತು, ಬಂದವರಿಗೆಲ್ಲ ಕಣ್ಣುಪರೀಕ್ಷೆಯ ಹಲಗೆ ತೋರಿಸಿ "ಕೊನೇ ಸಾಲು ಓದಿ" ಎನ್ನುವ ಗುಮಾಸ್ತ. ಆಗಸ್ಟ್ ಮುಗಿಯುತ್ತ ಬಂತೆಂದರೆ ಏಳು ವಾರ, ಶನಿವಾರ ಭಾನುವಾರ, ಅವನ ತಲೆಗೆ ಕಿರೀಟ. ಪಕ್ಕದಲ್ಲಿ ಇಪ್ಪತ್ತೆರಡು ವರ್ಷ ರಾಣಿಯಾಗಿ ಕೂತವಳು ಮಾರ್ಲಿಸ್. ಮನೆಯಲ್ಲಿ ಅವಳು ಗೇಲನ್ ಎಂಬ ಟ್ರಾಕ್ಟರ್ ರಿಪೇರಿಯವನ ಹೆಂಡತಿ.

ಆರಿನ್ ಮದುವೆಯಾಗಿರಲಿಲ್ಲ. ಅವನು ಮಾರ್ಲಿಸಳನ್ನು ಪ್ರೀತಿಸುತ್ತಿದ್ದ. ಅವಳಿಗೆ ಅದು ಗೊತ್ತಿತ್ತೋ ಇಲ್ಲವೋ, ಇವನು ಹೇಳಲಿಲ್ಲ, ಅವಳು ಕೇಳಲಿಲ್ಲ. ಅವಳ ಅಂತ್ಯಕ್ರಿಯೆಯ ದಿನ ಚರ್ಚಿನಲ್ಲಿ ಎಲ್ಲರೂ ಗೇಲನ್‌ನ ಕೈ ಹಿಡಿದು ಸಮಾಧಾನ ಹೇಳಿದರು. ಹಿಂದೆಲ್ಲೋ ಕೂತಿದ್ದ ರಾಜನ ಬಳಿಗೂ ಒಬ್ಬ ಹೆಂಗಸು ಬಂದಳು. ಅವನ ಕೈಗೆ ಆಲೂಗಡ್ಡೆ ಸ್ಯಾಲಡ್ಡಿನ ಪಾತ್ರೆ ಕೊಟ್ಟು, "ಇದನ್ನ ಕೆಳಗಡೆ ಊಟದ ಮೇಜಿಗೆ ಇಟ್ಟುಬಿಡ್ತೀಯಾ?" ಎಂದಳು. ಅವನು ಇಟ್ಟುಬಂದ.

ಈಗ ಹಾಳೆ ಹಿಡಿದುಕೊಂಡು ಅವನು ಮ್ಯಾನೇಜರ್ ಟ್ರೂಡಿಯ ಬಳಿ ಹೋದ.

"ಒಂದೇ ಒಂದು ನಿಮಿಷ ಟ್ರೂಡಿ. ಮೆರವಣಿಗೆಗೆ ಮೊದಲು ಎಲ್ಲರೂ ಸುಮ್ನೆ ನಿಂತ್ಕೊಳ್ಳೋಣ. ಅವಳ ಹೆಸರು ಹೇಳೋಣ."

"ನನಗೇನು ದುಃಖ ಇಲ್ವೇನೋ ಆರಿನ್? ಆದ್ರೆ ಜನ ಟಿಕೆಟ್ ತಗೊಂಡು ನಗೋಕೆ ಬರ್ತಾರೆ ಕಣೋ. ಗೇಟಿನೊಳಗೆ ರಾಣಿ ಸಾಯಲ್ಲ. ಬದಲಾಗ್ತಾಳೆ, ಅಷ್ಟೇ. ಹೊಸಬಳು ಬ್ರೆನ್ನಾ ಬಂದಿದಾಳೆ. ಪಾಪ, ಹೆದರಿಕೆಗೆ ಎರಡು ಸಲ ವಾಂತಿ ಮಾಡ್ಕೊಂಡ್ಲು. ಹೋಗಿ ಧೈರ್ಯ ಹೇಳು."

ಒಂಬತ್ತಕ್ಕೆ ಗೇಟು ತೆರೆಯಿತು. ಅಲ್ಲಿಂದ ಮುಂದೆ ನಮ್ಮಲ್ಲಿ ಒಂದು ಕಟ್ಟುನಿಟ್ಟು: ಟಿಕೆಟ್ ಕೊಂಡವರ ಕಿವಿಗೆ ಬೀಳುವ ಹಾಗೆ ಯಾರೂ ಮನೆಯ ಮಾತಾಡುವಂತಿಲ್ಲ, ನಾಲ್ಕುನೂರು ವರ್ಷದ ಹಿಂದಿನ ಅರಮನೆಯ ಮಾತನ್ನೇ ಆಡಬೇಕು. ಹೊಟ್ಟೆ ಕೆಟ್ಟವನು ಕೂಡ "ಎನ್ನ ಉದರದಲ್ಲಿ ಅಗ್ನಿ ಪ್ರಜ್ವಲಿಸುತ್ತಿದೆ" ಎಂದೇ ಮಾತ್ರೆ ಕೇಳಬೇಕು. ಇಂಥ ಕಡೆ ಮನುಷ್ಯ ತನ್ನ ಸಂಕಟ ಹೇಳಿಕೊಳ್ಳುವುದಾದರೂ ಹೇಗೆ?

"ಮಹಾಪ್ರಭುಗಳ ಮುಖಾರವಿಂದ ಬಾಡಿದೆಯಲ್ಲ!" ಎಂದು ಟರ್ಕಿ ಕೋಳಿಯ ಕಾಲು ಸುಡುವ ಡಾರ್ಲೀನ್ ಅಂಗಡಿಯಿಂದಲೇ ಕೂಗಿದಳು. ಆಮೇಲೆ ಹತ್ತಿರ ಬಂದು ಪಿಸುಗುಟ್ಟಿದಳು: "ಮಾರ್ಲಿಸ್ ನೆನಪಾ? ನೀನು ಅವಳನ್ನ ನೋಡ್ತಿದ್ದಿದ್ದು ನಂಗೊತ್ತು ಬಿಡು. ರಾಜ್ಯ ಬಿಟ್ಟುಬಿಡ್ತೀಯಾ ಹೇಗೆ?"

"ಬಿಟ್ಟುಬಿಡೋಣ ಅನ್ನಿಸ್ತಿದೆ ಡಾರ್ಲೀನ್."

ಡಾರ್ಲೀನಳಿಗೆ ಅಷ್ಟು ಸಾಕಾಯಿತು. ಮಾತು ಉಪ್ಪುಖಾರ ಹಚ್ಚಿಸಿಕೊಂಡು ಇಡೀ ಮೇಳ ಸುತ್ತಿತು. ಮೇಣದಬತ್ತಿಯ ಅಂಗಡಿಗೆ ತಲುಪುವಷ್ಟರಲ್ಲಿ ರಾಜನಿಗೆ ಹೃದಯದ ಕಾಯಿಲೆ ಬಂದಿತ್ತು. ಕತ್ತಿ ಮಾಡುವವನ ಕುಲುಮೆಗೆ ಬರುವಾಗ ಅವನಿಗೆ ಇನ್ನು ಒಂದೇ ತಿಂಗಳು ಉಳಿದಿತ್ತು. ಹನ್ನೊಂದು ಗಂಟೆಗೆ, ಕೆಸರುಗುಂಡಿಯಲ್ಲಿ ಹೊರಳಾಡಿ ಜನರನ್ನು ನಗಿಸುವ ಭಿಕ್ಷುಕ ಸ್ಟಬ್, ಗುಂಡಿಯಿಂದ ಎದ್ದವನೇ ಓಡಿಬಂದು ರಾಜನನ್ನು ಬಿಗಿಯಾಗಿ ತಬ್ಬಿಕೊಂಡ.

"ಪ್ರಭೂ, ಈ ದಾಸನನ್ನು ಅಗಲುವಿರಾ!" ಎಂದು ಊರಿಗೆಲ್ಲ ಕೇಳುವಂತೆ ಅರಚಿ, ಕಿವಿಯಲ್ಲಿ ಹೇಳಿದ: "ಅಣ್ಣಾ, ಹೋಗೋದಾದ್ರೆ ಟ್ರೂಡಿಗೆ ನನ್ನ ಹೆಸರು ಹೇಳಣ್ಣ. ಹತ್ತೊಂಬತ್ತು ವರ್ಷ ಕೆಸರು ತಿಂದಿದೀನಿ. ಮಂಡಿ ಹೋಗಿದೆ. ರಾಜ ಆದ್ರೆ ಕೂತ್ಕೊಂಡಾದ್ರೂ ಇರಬಹುದು."

"ಬಿಡೋ ಮಾರಾಯ, ಮೈಯೆಲ್ಲ ಕೆಸರಾಯ್ತು!"

ಕೆಂಪು ಮಖಮಲ್ಲಿನ ನಿಲುವಂಗಿ ಎಮ್ಮೆಯ ಬೆನ್ನಿನ ಹಾಗಾಗಿತ್ತು. ಕೊಳದ ಬಳಿ ಅಗಸಗಿತ್ತಿಯರ ಆಟ ಆಡುವ ಇಬ್ಬರು ಹೆಂಗಸರಿಗೆ ಇದಕ್ಕಿಂತ ಬೇಕೇ? ನಿಲುವಂಗಿಯನ್ನು ಎಳೆದುಕೊಂಡು, ಜನರ ಎದುರಿಗೆ ಬಡಿದು, ಜಾಲಾಡಿ, ಹಿಂಡಿ, ಹಾಗೇ ಮತ್ತೆ ಅವನಿಗೆ ತೊಡಿಸಿದರು. ಮೆರವಣಿಗೆಗೆ ಹತ್ತು ನಿಮಿಷವಿತ್ತು. ರಾಜ ನೀರು ತೊಟ್ಟಿಕ್ಕಿಸುತ್ತ, ಕೊಳದ ವಾಸನೆ ಹೊಡೆಯುತ್ತ ಹೊರಟ.

"ಸರ್, ಕೈ ಎಲ್ಲಿಡ್ಲಿ?" ಎಂದು ಬ್ರೆನ್ನಾ ಕೇಳಿದಳು.

ಮಾರ್ಲಿಸ್ ಅವನ ಮಣಿಕಟ್ಟಿನ ಮೇಲೆ ಎರಡು ಬೆರಳು ಇಡುತ್ತಿದ್ದಳು. ಅಷ್ಟೇ. ಆ ಎರಡು ಬೆರಳ ನೆನಪಿನಲ್ಲಿ ಅವನು ವರ್ಷದ ಉಳಿದ ನಲವತ್ತೈದು ವಾರ ಕಳೆಯುತ್ತಿದ್ದ. ಇದನ್ನು ಈ ಹುಡುಗಿಗೆ ಹೇಗೆ ಹೇಳುವುದು? "ಎಲ್ಲಾದ್ರೂ ಇಡಮ್ಮ" ಎಂದ. ಅವಳು ಓಡುವ ಬಸ್ಸಿನಲ್ಲಿ ಕಂಬಿ ಹಿಡಿದಂತೆ ಅವನ ಮೊಣಕೈ ಹಿಡಿದಳು.

ವೇದಿಕೆ ಹತ್ತಿದರು. 'ಪ್ರಜೆಗಳೇ, ನಿಮ್ಮ ರಾಣಿಯನ್ನು ಕಣ್ತುಂಬ ನೋಡಿರಿ' ಎಂಬುದು ಅವನು ಹೇಳಬೇಕಿದ್ದ ಮಾತು. ಬಾಯಿಂದ ಬಂದದ್ದೇ ಬೇರೆ.

"ಪ್ರಜೆಗಳೇ, ನಿಮ್ಮ ರಾಣಿ ತೀರಿಕೊಂಡಳು."

ನಗುತ್ತಿದ್ದವರ ನಗು ನಿಂತಿತು.

"ನನಗೆ ಯಾರೂ ಹೇಳಿಕಳಿಸಲಿಲ್ಲ. ಊರಿಗೆಲ್ಲ ಗೊತ್ತಾದ ಮೇಲೆ ನನಗೆ ಗೊತ್ತಾಯಿತು. ಇಪ್ಪತ್ತೆರಡು ವರ್ಷ ಪಕ್ಕದಲ್ಲಿ ಕೂತಿದ್ದಳು. ನಾನೊಂದು ಮಾತು ಹೇಳಬೇಕಿತ್ತು. ನಾಳೆ ಹೇಳೋಣ, ನಾಳೆ ಹೇಳೋಣ ಅಂತ..." ರಾಜ ಒದ್ದೆ ಅಂಗಿಯಲ್ಲೇ ವೇದಿಕೆಯ ಮೆಟ್ಟಿಲ ಮೇಲೆ ಕುಸಿದು, ಏಪ್ರಿಲ್‌ನಿಂದ ಒಳಗೆ ಹಿಡಿದಿಟ್ಟದ್ದನ್ನೆಲ್ಲ ಅತ್ತ. ಏನು ಮಾಡಬೇಕೆಂದು ತೋಚದೆ ಬ್ರೆನ್ನಾ ಕೂಡ ಗೊಳೋ ಎಂದಳು. ಎರಡು ಸಾವಿರ ಜನ ಉಸಿರು ಬಿಡದೆ ನಿಂತಿದ್ದರು. ಅವನು ಬೇಡಿದ್ದ ಒಂದು ನಿಮಿಷದ ಮೌನ ಅವನಿಗೆ ಸಿಕ್ಕಿತು.

ಆಮೇಲೆ ಯಾರೋ ಚಪ್ಪಾಳೆ ತಟ್ಟಿದರು. ಮತ್ತೊಬ್ಬರು ತಟ್ಟಿದರು. ಕ್ಷಣದಲ್ಲಿ ಮೈದಾನವೆಲ್ಲ ಚಪ್ಪಾಳೆ, ಸಿಳ್ಳೆ. "ಎಂಥಾ ಆ್ಯಕ್ಟಿಂಗಪ್ಪ!" ಎಂದು ಒಬ್ಬಳು ಕಣ್ಣೊರೆಸಿಕೊಳ್ಳುತ್ತ ಗಂಡನಿಗೆ ಹೇಳಿದಳು.

ಪರದೆಯ ಹಿಂದೆ ಟ್ರೂಡಿ ಮೂಗೊರೆಸಿಕೊಳ್ಳುತ್ತ ಕಾದಿದ್ದಳು. ಕೈಯಲ್ಲಿ ಕಾರ್ಯಕ್ರಮದ ಹಾಳೆ, ಅದರಲ್ಲಿ ಆಗಲೇ ಹೊಸ ಸಾಲು.

"ಮೂವತ್ತನಾಲ್ಕು ವರ್ಷದಲ್ಲಿ ಹೀಗೆ ಜನ ಸುಮ್ನೆ ನಿಂತಿದ್ದು ನಾನು ನೋಡಿಲ್ಲ ಕಣೋ! ಹನ್ನೆರಡಕ್ಕೊಂದು, ನಾಲ್ಕಕ್ಕೊಂದು. ಏಳು ವಾರಾನೂ. ಬೋರ್ಡ್ ಬರೆಸ್ತಿದೀನಿ. ಅಂಗಿ ಒದ್ದೇನೇ ಇರ್ಲಿ, ಅದು ಚೆನ್ನಾಗಿತ್ತು."

ಆರಿನ್ ಮನಸ್ಸಿನಲ್ಲೇ ಲೆಕ್ಕ ಹಾಕಿದ. ಇನ್ನು ಇಪ್ಪತ್ತೇಳು ಸಲ. ಅವನು ಕಿರೀಟ ತೆಗೆದು ಅವಳ ಕೈಗಿಟ್ಟ.

"ನನ್ನಿಂದಾಗಲ್ಲ. ಸ್ಟಬ್‌ಗೆ ಕೊಡು" ಎಂದು ಗೇಟಿನ ಕಡೆ ನಡೆದ.

ಗೇಟಿನ ಬಳಿ ಗೇಲನ್ ನಿಂತಿದ್ದ. ಎಣ್ಣೆಕಲೆಯ ಟೋಪಿ, ಕೆಂಪಾದ ಕಣ್ಣು.

"ನೀನೇ ಅಲ್ವಾ ಅವಳ ರಾಜ?" ಎಂದ ಗೇಲನ್. "ನಂಗೆ ಈ ವೇಷಗೀಷ ಸೇರ್ತಿರಲಿಲ್ಲ. ಅವಳು ಪ್ರತಿ ವರ್ಷ ಕರೀತಿದ್ಲು, ನಾನು ಕೆಲಸ ಇದೆ ಅಂತಿದ್ದೆ. ಇವತ್ತು ಮನೇಲಿ ಇರೋಕಾಗಲಿಲ್ಲ, ಬಂದೆ."

ಆರಿನ್ ಒದ್ದೆ ನಿಲುವಂಗಿಯ ಅಂಚು ಹಿಂಡಿದ.

"ಅವಳು ಹೋದಾಗಿಂದ ನಂಗೆ ಅಳೂನೇ ಬಂದಿರಲಿಲ್ಲ ಕಣಪ್ಪ. ಮಗಳು ಡಾಕ್ಟರ ಹತ್ರ ಕೂಡ ಕರ್ಕೊಂಡು ಹೋಗಿದ್ಲು. ಇವತ್ತು ನಿನ್ನ ನೋಡಿದ್ದೇ ಕಟ್ಟೆ ಒಡೀತು. ಎದೆ ಹಗುರಾಯ್ತು. ನಾಲ್ಕಕ್ಕೂ ಇದೆಯಂತಲ್ಲ, ಈಗಷ್ಟೇ ಗೇಟಲ್ಲಿ ಹೇಳಿದ್ರು? ಏಳು ವಾರಕ್ಕೂ ಸೇರಿಸಿ ಸೀಸನ್ ಪಾಸ್ ತಗೊಂಡೆ." ಅವನು ಟೋಪಿ ತೆಗೆದು ಕೈಯಲ್ಲಿ ತಿರುಗಿಸಿದ. "ಒಂದು ಮಾತು ಕೇಳ್ಲಾ? ನೀನು ಹೇಳಿದ್ದು... ಅದೆಲ್ಲ ನಟನೆ ತಾನೇ?"

ಅವನ ಮುಖದಲ್ಲಿ ಹೆದರಿಕೆಯಿತ್ತು. ಅದು ಆರಿನ್‌ಗೆ ಕಂಡಿತು.

"ನಟನೆ ಗೇಲನ್. ಬರೀ ನಟನೆ."

"ಅದೇ ಅಂದ್ಕೊಂಡೆ. ಏನು ನಟನಪ್ಪ ನೀನು! ಸ್ವಂತ ಹೆಂಡ್ತೀನ ಕಳ್ಕೊಂಡೋನ ಹಾಗೇ ಮಾಡಿದೆ" ಎಂದು ಗೇಲನ್ ಅವನ ಒದ್ದೆ ಬೆನ್ನು ತಟ್ಟಿದ.

ರಾಜ ಹಿಂತಿರುಗಿ ಹೋಗಿ ಟ್ರೂಡಿಯಿಂದ ಕಿರೀಟ ಇಸಿದುಕೊಂಡ.

ನಾಲ್ಕು ಗಂಟೆಗೆ ಜನ ಮೂರು ಪಟ್ಟು ಸೇರಿದ್ದರು. ಎಲ್ಲರಿಗಿಂತ ಮುಂದೆ ಗೇಲನ್ ದೊಡ್ಡ ಕರವಸ್ತ್ರ ಬಿಚ್ಚಿಕೊಂಡು, ಇವನು ಬಾಯಿ ತೆರೆಯುವ ಮೊದಲೇ ಅಳತೊಡಗಿದ್ದ. ಆರಿನ್ ಮಾತುಗಳನ್ನೆಲ್ಲ ಹೇಳಿದ, ಒಂದೂ ತಪ್ಪಲಿಲ್ಲ. ಆದರೆ 'ಬರೀ ನಟನೆ' ಎಂದು ಗೇಟಿನ ಬಳಿ ಆಡಿದ ಮಾತು ಕಿವಿಯಲ್ಲೇ ಕೂತಿತ್ತು. ಮೆಟ್ಟಿಲ ಮೇಲೆ ಕುಸಿದದ್ದೂ ಆಯಿತು, ಕಣ್ಣಲ್ಲಿ ಮಾತ್ರ ಒಂದು ಹನಿ ಬರಲಿಲ್ಲ. ಜನ ಕಾದರು, ಗೇಲನ್ ಕಾದ.

ಮೆಟ್ಟಿಲ ಪಕ್ಕದ ಪರದೆಯ ಸಂದಿಯಿಂದ ಟ್ರೂಡಿಯ ಕೈ ಹೊರಬಂತು. ಅದರಲ್ಲಿ ಹೆಚ್ಚಿದ ಅರ್ಧ ಈರುಳ್ಳಿ ಇತ್ತು. ರಾಜ ಮುಖ ಮುಚ್ಚಿಕೊಳ್ಳುವ ನೆಪದಲ್ಲಿ ಬಗ್ಗಿ ಅದನ್ನು ಇಸಿದುಕೊಂಡ.