ಒಂದು ಫ್ಲ್ಯಾಟು, ಮೂರು ಪಾಲು

ಮುಂಬೈ ಪಕ್ಕದ ಠಾಣೆ ಊರಿನ ಕೋರ್ಟಿನಲ್ಲಿ ಪಾಲಿನ ದಾವೆ ನಡೆಸುವವರಿಗೆ ನಗುವಿಗೇನೂ ಬರ ಇಲ್ಲ. ನಗಬಾರದ ಜಾಗದಲ್ಲೇ ಅದು ಬರುತ್ತದೆ ಎನ್ನುವುದೊಂದೇ ಕಷ್ಟ.

ನನ್ನ ಆಫೀಸು ನೌಪಾಡಾದಲ್ಲಿ. ಕನ್ನಡ ಮಾತಾಡುವ ವಕೀಲೆ ಎಂದು ಉಡುಪಿ ಕಡೆಯವರು ಹುಡುಕಿಕೊಂಡು ಬರುತ್ತಾರೆ. ಹಾಗೆ ಬಂದವರು ಈ ಅಕ್ಕ. ಹೋಟೆಲಿನಲ್ಲಿ ಜೀವ ತೇಯ್ದ ಅಪ್ಪ ಡೊಂಬಿವಲಿಯಲ್ಲಿ ಎರಡು ಕೋಣೆಯ ಫ್ಲ್ಯಾಟ್ ಬಿಟ್ಟು ಹೋಗಿದ್ದರು, ವಿಲ್ ಬಿಟ್ಟಿರಲಿಲ್ಲ. ಅಕ್ಕ ಅಲ್ಲೇ ಇದ್ದುಕೊಂಡು ಆಫೀಸಿಗೆ ಹೋಗುವವರಿಗೆ ಊಟದ ಡಬ್ಬಿ ಕಳಿಸಿ ಬದುಕುತ್ತಿದ್ದರು. ಸೀವುಡ್ಸ್‌ನಲ್ಲಿದ್ದ ದೊಡ್ಡ ತಮ್ಮ ಪಾಲು ಕೇಳಿ ದಾವೆ ಹಾಕಿದ. ದಿವಾದಲ್ಲಿದ್ದ ಸಣ್ಣ ತಮ್ಮ "ಹಾಗಾದರೆ ನನಗೂ ಬೇಕು" ಎಂದ. ಮನೆ ಕೈಬಿಟ್ಟರೆ ಅಕ್ಕನಿಗೆ ಸೂರೂ ಇಲ್ಲ, ಒಲೆಯೂ ಇಲ್ಲ.

ಅಂಟುಪಟ್ಟಿ

ಮೊದಲ ಆದೇಶ ಬಂತು: ಮೂವರಿಗೂ ಮೂರನೇ ಒಂದು ಪಾಲು. ಪಾಲು ಎಷ್ಟು ಎಂದಷ್ಟೇ ಅದರಲ್ಲಿತ್ತು, ಎಲ್ಲಿ ಎಂದು ಇರಲಿಲ್ಲ. ದೊಡ್ಡ ತಮ್ಮನಿಗೆ ಅಷ್ಟು ತಾಳ್ಮೆ ಎಲ್ಲಿ? ಮುಂದಿನ ಭಾನುವಾರವೇ ಟೇಪು, ಕೆಂಪು ಅಂಟುಪಟ್ಟಿ ಹಿಡಿದು ಬಂದು ನೆಲದ ಮೇಲೆ ಗೆರೆ ಎಳೆದ. ಮುಂಬಾಗಿಲು ಅವನ ಪಾಲಿಗೆ, ಅಡುಗೆಮನೆ ಅಕ್ಕನ ಪಾಲಿಗೆ, ಪಾಯಿಖಾನೆ ಸಣ್ಣವನ ಪಾಲಿಗೆ ಬಂತು.

"ಇನ್ನು ಮೇಲೆ ಯಾರು ಒಳಗೆ ಬರುವುದಿದ್ದರೂ ನನ್ನನ್ನು ಕೇಳಿ ಬರಬೇಕು" ಎಂದ.

"ಆಯ್ತು ಮಾರಾಯ" ಎಂದರು ಅಕ್ಕ. "ನೀನೂ ಬೆಳಿಗ್ಗೆ ಎದ್ದು ಮೊದಲು ತಮ್ಮನಿಗೆ ಒಂದು ಅರ್ಜಿ ಕೊಡು."

ಅಂಟುಪಟ್ಟಿ ಸಂಜೆಯೊಳಗೆ ಎದ್ದಿತು.

ಸ್ಥಳ ಪರಿಶೀಲನೆ

ಮನೆಯನ್ನು ನಿಜವಾಗಿ ಭಾಗ ಮಾಡಲು ಆಗುತ್ತದೆಯೇ ನೋಡಿ ಬನ್ನಿ ಎಂದು ಕೋರ್ಟು ಒಬ್ಬ ಮರಾಠಿ ವಕೀಲರನ್ನು ಕಮಿಷನರ್ ಮಾಡಿ ಕಳಿಸಿತು. ಅವರು ಬಂದದ್ದು ಮಧ್ಯಾಹ್ನ ಹನ್ನೆರಡೂವರೆಗೆ. ಆ ಹೊತ್ತಿಗೆ ಬಂದವರನ್ನು ಉಣ್ಣದೆ ಕಳಿಸುವ ಅಭ್ಯಾಸ ಅಕ್ಕನಿಗಿಲ್ಲ, ದಾವೆ ಇದ್ದರೂ ಸರಿ. ಅಳತೆಗೆ ಹತ್ತು ನಿಮಿಷ ಹಿಡಿಯಿತು. ನೀರುದೋಸೆ, ಕೋಳಿ ಸಾರಿಗೆ ಎರಡು ಗಂಟೆ.

"ಭಾಗ ಮಾಡಲು ಬರುವುದಿಲ್ಲ" ಎಂದು ವರದಿ ಬಂತು. ದೊಡ್ಡವನ ವಕೀಲರು ಎದ್ದು ನಿಂತರು: "ಸ್ವಾಮಿ, ಪ್ರತಿವಾದಿ ಕಮಿಷನರರಿಗೆ ಊಟ ಹಾಕಿ ಪ್ರಭಾವ ಬೀರಿದ್ದಾರೆ."

"ನೀವು ಅಲ್ಲಿದ್ದಿರಾ?" ಎಂದು ನ್ಯಾಯಾಧೀಶರು ಕೇಳಿದರು.

"ಇದ್ದೆ."

"ನೀವೂ ಉಂಡಿರಾ?"

ವಕೀಲರು ಫೈಲು ತಿರುವತೊಡಗಿದರು. ಪಕ್ಕದಿಂದ ಸಣ್ಣವನ ವಕೀಲರು, "ಸಾರು ಮೂರು ಸಲ ಹಾಕಿಸಿಕೊಂಡರು" ಎಂದರು.

ವರದಿ ಅಂಗೀಕಾರವಾಯಿತು.

ಬಡಿಸಿದ ಸುದ್ದಿ

ಭಾಗ ಆಗದ ಮನೆಯನ್ನು ಮಾರಬೇಕು. ಆದರೆ ಹೊರಗಿನವರಿಗೆ ಹರಾಜು ಹಾಕುವ ಮೊದಲು ನಿಮ್ಮೊಳಗೇ ಕೂಗಿಕೊಳ್ಳಿ ಎಂದರು ನ್ಯಾಯಾಧೀಶರು. ಕೊಳ್ಳಬೇಕೆನ್ನುವವರು ಬೆಲೆ ಬರೆದು, ಲಕೋಟೆ ಮುಚ್ಚಿ ಕೊಡಬೇಕು.

ಅಣ್ಣತಮ್ಮಂದಿರು ಎಂಟು ವರ್ಷದಿಂದ ಒಬ್ಬರ ಮುಖ ಒಬ್ಬರು ನೋಡುತ್ತಿರಲಿಲ್ಲ. ಅಕ್ಕನ ಮನೆ ಊಟ ಮಾತ್ರ ಇಬ್ಬರೂ ಬಿಟ್ಟಿರಲಿಲ್ಲ. ದೊಡ್ಡವ ಭಾನುವಾರ ಮೀನಿಗೆ ಬರುತ್ತಿದ್ದ, ಸಣ್ಣವ ಉಳಿದ ಆರು ದಿನ ಬರುತ್ತಿದ್ದ. ಇಬ್ಬರೂ ಉಣ್ಣುತ್ತಾ ಜಂಬ ಕೊಚ್ಚಿದರು: "ಬ್ಯಾಂಕಲ್ಲಿ ದೊಡ್ಡ ಲೋನ್ ಆಗಿದೆ, ಅವನು ಕನಸಲ್ಲೂ ಕಾಣದ ಮೊತ್ತ ಬರೀತೇನೆ." ಅಕ್ಕ ದೊಡ್ಡವನ ಜಂಬವನ್ನು ಸಣ್ಣವನಿಗೂ, ಸಣ್ಣವನ ಜಂಬವನ್ನು ದೊಡ್ಡವನಿಗೂ ಅನ್ನದ ಜೊತೆಗೇ ಬಡಿಸಿದರು.

"ಯಾಕೆ ಹೇಳಲಿಕ್ಕೆ ಹೋದಿರಿ?" ಎಂದೆ.

"ಕೇಳಿದರು, ಹೇಳಿದೆ. ತಮ್ಮಂದಿರಿಂದ ಎಂತ ಮುಚ್ಚಿಡುವುದು?"

ಎರಡು ಲಕೋಟೆ

ಅಕ್ಕ ಲಕೋಟೆ ಕೊಡಲಿಲ್ಲ. "ಒಳಗೆ ಹಾಕಲಿಕ್ಕೆ ಏನಿಲ್ಲ ಮೇಡಂ" ಎಂದರು. ಲಕೋಟೆ ಒಡೆಯುವ ದಿನ ಬೆಳಿಗ್ಗೆ ಡಬ್ಬಿಗಳನ್ನು ಕಳಿಸಿ ಬಂದು ಕೋರ್ಟಿನ ಕೊನೆಯ ಬೆಂಚಿನಲ್ಲಿ ಕೂತಿದ್ದರು. ಕಲ್ಯಾಣದಲ್ಲಿ ಒಂದು ಬಾಡಿಗೆ ಕೋಣೆಯನ್ನೂ ನೋಡಿಟ್ಟಿದ್ದರು. ಅಲ್ಲಿ ಮಾಲೀಕರು ಎರಡು ಒಲೆಗಿಂತ ಹೆಚ್ಚು ಇಡಬಾರದು ಎಂದಿದ್ದರಂತೆ.

ನ್ಯಾಯಾಧೀಶರು ದೊಡ್ಡವನ ಲಕೋಟೆ ಒಡೆದರು. ಮೊತ್ತ ಇರಲಿಲ್ಲ. "ನನ್ನ ಪಾಲನ್ನು ಅಕ್ಕನಿಗೆ ಬಿಟ್ಟಿದ್ದೇನೆ. ತಮ್ಮನ ಕೈಗೆ ಮಾತ್ರ ಹೋಗಬಾರದು" ಎಂದಿತ್ತು.

ಸಣ್ಣವನ ಲಕೋಟೆ ಒಡೆದರು. "ನನ್ನ ಪಾಲು ಅಕ್ಕನಿಗೆ. ಅಣ್ಣನಿಗೆ ಮನೆ ದಕ್ಕಬಾರದು."

ಗುಮಾಸ್ತ ಕೆಮ್ಮಿದ. ನ್ಯಾಯಾಧೀಶರು ಕನ್ನಡಕ ತೆಗೆದು ಒರೆಸಿ ಮತ್ತೆ ಹಾಕಿಕೊಂಡು, "ಇದು ಸ್ವಂತ ಇಚ್ಛೆಯೇ?" ಎಂದು ಇಬ್ಬರನ್ನೂ ಕೇಳಿದರು. ಮೊದಲು ಹಿಂಜರಿದವನು ಸೋತ ಹಾಗೆ ಎಂದುಕೊಂಡಿದ್ದರೋ ಏನೋ, ಇಬ್ಬರೂ ಒಬ್ಬರನ್ನೊಬ್ಬರು ದುರುಗುಟ್ಟಿ ನೋಡುತ್ತಾ ಮರಾಠಿಯಲ್ಲಿ "ಹೋ", ಹೌದು, ಎಂದರು. ಅದನ್ನು ದಾಖಲಿಸಿಕೊಂಡು, ಹಕ್ಕು ಬಿಟ್ಟ ಪತ್ರ ನೋಂದಣಿ ಮಾಡಿಸಲು ಹೇಳಿ, ಮುಂದಿನ ಕೇಸು ಕರೆದರು.

ವರಾಂಡಕ್ಕೆ ಬಂದ ಮೇಲೆ ಇಬ್ಬರಿಗೂ ಲೆಕ್ಕ ತಲೆಗೆ ಹತ್ತಿತು: ಇನ್ನೊಬ್ಬನ ಲೋನೂ ಬರೀ ಜಂಬ, ಮನೆ ಇಡೀ ಅಕ್ಕನದು. ದೊಡ್ಡವ ನನ್ನ ಕಡೆ ಬೆರಳು ತೋರಿಸಿದ: "ಇದರಲ್ಲಿ ಏನೋ ಮೋಸ ಉಂಟು. ನಾನು ಅಪೀಲು ಹೋಗ್ತೇನೆ."

"ಹೌದು, ಅಣ್ಣ ಹೇಳುವುದು ಸರಿ" ಎಂದ ಸಣ್ಣವ. "ಇಬ್ಬರೂ ಸೇರಿ ಹೋಗುವ. ವಕೀಲರು ಒಬ್ಬರೇ ಸಾಕು."

ಅಕ್ಕ ಸೆರಗಿನಿಂದ ಕಣ್ಣು ಒರೆಸಿಕೊಂಡು ನನ್ನ ಕೈ ಹಿಡಿದರು. "ನೋಡಿ ಮೇಡಂ, ಎಂಟು ವರ್ಷದಲ್ಲಿ ಮೊದಲನೇ ಸಲ ಇಬ್ಬರೂ ಒಂದೇ ಮಾತು ಆಡಿದ್ದು. ಅದೂ ನನ್ನ ಮೇಲೆ ಕೇಸು ಹಾಕಲಿಕ್ಕೆ!"