ನಿಮಿಷಕ್ಕೊಂದು ಕೀಂ

ಹೆಂಡತಿಯ ನಿದ್ದೆ ಕಾಯುವ ಗಂಡಂದಿರ ಪಟ್ಟಿ ಮಾಡಿದರೆ ಮೊದಲ ಸ್ಥಾನ ನನ್ನದೇ ಎಂದು ಆ ಬೆಳಗ್ಗೆ ನಾನೇ ತೀರ್ಪು ಕೊಟ್ಟುಕೊಂಡೆ.

ನನ್ನವಳು ಐಸಿಯು ನರ್ಸ್. ರಾತ್ರಿ ಪಾಳಿ ಮುಗಿಸಿ ಆಗತಾನೇ ಮಲಗಿದ್ದಳು. ಸಂಜೆ ಮತ್ತೆ ಡ್ಯೂಟಿ. ಅವಳ ಕೋಣೆಯ ಬಾಗಿಲಾಚೆ, ಚಾವಣಿಯಲ್ಲಿ ಹೊಗೆ ಕಂಡರೆ ಕೂಗಿಕೊಳ್ಳುವ ಸ್ಮೋಕ್ ಡಿಟೆಕ್ಟರ್. ಕರೆಂಟಿನಲ್ಲೇ ನಡೆಯುವಂಥದ್ದು, ಕರೆಂಟು ಕೈಕೊಟ್ಟರೆ ಇರಲಿ ಎಂದು ಹೊಟ್ಟೆಯಲ್ಲೊಂದು ಬ್ಯಾಟರಿ. ಆ ಬ್ಯಾಟರಿ ಮುಗಿಯುತ್ತ ಬಂದು ನಿಮಿಷಕ್ಕೊಮ್ಮೆ ‘ಕೀಂ’ ಎನ್ನುತ್ತಿತ್ತು.

“ಎಲೆಕ್ಟ್ರಿಷಿಯನ್‌ನ ಕರೀಬಾರ್ದಾ ಅಳಿಯಂದ್ರೇ?” ಎಂದರು ಅತ್ತೆ.

“ಒಂದು ಬ್ಯಾಟರಿಗೆ ಎಲೆಕ್ಟ್ರಿಷಿಯನ್ನಾ? ನಾನಿಲ್ವಾ ಅತ್ತೆ?”

“ಅದಕ್ಕೇ ಕೇಳ್ದೆ.”

ಮೊದಲು ಕರೆಂಟು ತೆಗೆಯಬೇಕಲ್ಲ. ಮೇನ್ ಬೋರ್ಡಿನ ಯಾವ ಸ್ವಿಚ್ಚು ಯಾವುದಕ್ಕೆ ಎಂದು ಬರೆದಿಡುವ ಕೆಲಸವನ್ನು ನಾಲ್ಕು ವರ್ಷದಿಂದ ಮುಂದೂಡಿದವನೂ ನಾನೇ. ಒಂದು ಕೆಳಗಿಳಿಸಿದೆ, ಫ್ರಿಜ್ಜು ಮೌನವಾಯಿತು. ಇನ್ನೊಂದು ಇಳಿಸಿದೆ.

“ಮಗಳ ಯೂನಿಫಾರಂ ನೊರೆಯಲ್ಲೇ ನಿಂತೋಯ್ತು” ಎಂದು ವಾಷಿಂಗ್ ಮಷೀನಿನ ಕಡೆಯಿಂದ ಅತ್ತೆಯ ವರದಿ ಬಂತು.

ಮೂರನೆಯದಕ್ಕೆ ಡಿಟೆಕ್ಟರಿನ ಹಸಿರು ದೀಪ ಆರಿತು. ಸ್ಟೂಲು ಹತ್ತಿ, ತಿರುಗಿಸಿ, ವೈರು ಬಿಡಿಸಿ, ಹಳೆಯ ಬ್ಯಾಟರಿ ಕಿತ್ತೆ. ಈಗ ಕರೆಂಟೂ ಇಲ್ಲ, ಬ್ಯಾಟರಿಯೂ ಇಲ್ಲ. ಆದರೂ ‘ಕೀಂ’ ಎಂದಿತು! ಗಾಬರಿಯಾಗಿ ಅಂಗಿಯೊಳಗೆ ತುರುಕಿಕೊಂಡೆ. ಅಲ್ಲಿಂದಲೂ ‘ಕೀಂ’.

“ಹಸಿವಾಗಿದ್ಯಾ?” ಎಂದು ಕೇಳಿದ ಅತ್ತೆ, ಕನ್ನಡಕ ಏರಿಸಿ ಡಿಟೆಕ್ಟರಿನ ಜೊತೆ ಬಂದಿದ್ದ ಚೀಟಿ ಓದಿದರು. “ಗುಂಡಿ ಒತ್ತಿ ಹಿಡೀಬೇಕಂತೆ. ಒಳಗೆ ಉಳಿದಿರೋ ಕರೆಂಟು ಖಾಲಿಯಾಗುತ್ತಂತೆ.”

ಹಿಡಿದೆ. ಖಾಲಿಯಾಯಿತು. ಹೊಸ ಬ್ಯಾಟರಿ ಹಾಕಿ, ಮೇಲೇರಿಸಿ, ಎಲ್ಲ ಸ್ವಿಚ್ಚುಗಳನ್ನೂ ಎತ್ತಿದೆ. ಹಸಿರು ದೀಪ ಬಂತು. ಒಂದು ನಿಮಿಷ ಕಳೆಯಿತು, ಎರಡು ಕಳೆಯಿತು. ಸದ್ದಿಲ್ಲ. ನಾನು ಸೊಂಟದ ಮೇಲೆ ಕೈಯಿಟ್ಟು ಅತ್ತೆಯ ಕಡೆ ನೋಡಿದೆ.

ಧಡಾರನೆ ಬಾಗಿಲು ತೆರೆಯಿತು. ಕೆದರಿದ ಕೂದಲಿನಲ್ಲಿ, ಬರಿಗಾಲಿನಲ್ಲಿ ನನ್ನವಳು ಓಡಿ ಬಂದಳು. “ಯಾರಿಗೇನಾಯ್ತು?”

“ಯಾರಿಗೂ ಏನೂ ಆಗಿಲ್ಲ ಕಣೇ.”

“ಮತ್ತೆ ಆ ಕೀಂ ಯಾಕೆ ನಿಂತುಹೋಯ್ತು?”

“ನಿನ್ನ ನಿದ್ದೆ ಕೆಡಬಾರದು ಅಂತ ನಾನೇ ನಿಲ್ಲಿಸ್ದೆ.”

ಅವಳು ಗೋಡೆಗೊರಗಿ ಉಸಿರುಬಿಟ್ಟಳು. “ಅದಿದ್ದಷ್ಟು ಹೊತ್ತೂ ಹಾಯಾಗಿ ಮಲಗಿದ್ದೆ ರೀ. ನಮ್ಮ ವಾರ್ಡಲ್ಲಿ ಪೇಷಂಟ್ ಪಕ್ಕದ ಮಾನಿಟರ್ ಹೀಗೇ ಸದ್ದು ಮಾಡ್ತಿದ್ರೆ ಎಲ್ಲ ಸರಿ ಇದೆ ಅಂತ. ನಿಂತ್ರೆ ಓಡಬೇಕು.”

ನನಗೆ ನಿಜಕ್ಕೂ ಪಿಚ್ಚೆನಿಸಿತು. ಅವಳು ಮತ್ತೆ ಮಲಗಿದಳು, ಆ ಕಡೆ ಹೊರಳಿದಳು, ಈ ಕಡೆ ಹೊರಳಿದಳು, ನಿದ್ದೆ ಸುಳಿಯಲಿಲ್ಲ. ಬೇರೆ ದಾರಿ ಕಾಣದೆ ಸ್ಟೂಲನ್ನು ಹಾಸಿಗೆಯ ಪಕ್ಕಕ್ಕೆಳೆದು ಕೂತೆ. ಗಡಿಯಾರ ನೋಡಿಕೊಂಡು, ನಿಮಿಷಕ್ಕೊಮ್ಮೆ, ಸಣ್ಣ ದನಿಯಲ್ಲಿ ನಾನೇ ಶುರುಮಾಡಿದೆ.

“ಕೀಂ.”

ಹತ್ತು ನಿಮಿಷಕ್ಕೆ ಅವಳ ಉಸಿರು ಹದಕ್ಕೆ ಬಂತು. ಹನ್ನೊಂದನೆಯದಕ್ಕೆ ನನಗೇ ತೂಕಡಿಕೆ ಬಂದು ಒಂದು ಕೀಂ ತಪ್ಪಿತು.

“ಅಮ್ಮಾ,” ಕಣ್ಣು ಮುಚ್ಚಿಕೊಂಡೇ ಅವಳು ಕೂಗಿದಳು, “ಇವರ ಬ್ಯಾಟರೀನೂ ಮುಗೀತು ಅನ್ಸುತ್ತೆ, ಒಂಚೂರು ಕಾಫಿ ಕೊಡು.”